ಮ್ಯಾನ್ಮಾರ್‌ನ ಅಸಹಕಾರ ಚಳವಳಿ: ಗುಮಾಸ್ತರು ಕೆಲಸ ಬಿಟ್ಟರೆ ಸೇನೆಗೇಕೆ ದಿಗಿಲು?

ಇಡ್ಲಿ-ದೋಸೆಗೆ ನೆನೆಹಾಕುವ ಉದ್ದು ನಮ್ಮಲ್ಲಿ ಸಾಲದೆ ಬಂದಾಗ ಭಾರತ ಅದನ್ನು ಮುಖ್ಯವಾಗಿ ತರಿಸಿಕೊಳ್ಳುವುದು ಮ್ಯಾನ್ಮಾರ್‌ನಿಂದ. ತೊಗರಿಯ ಒಂದು ಪಾಲೂ ಅಲ್ಲಿಂದಲೇ ಬರುತ್ತದೆ. ವರ್ಷಕ್ಕೆ ಎರಡೂವರೆ ಲಕ್ಷ ಟನ್ ಉದ್ದು ಮತ್ತು ಒಂದು ಲಕ್ಷ ಟನ್ ತೊಗರಿ ತರಿಸಿಕೊಳ್ಳುವ ಒಪ್ಪಂದಕ್ಕೆ 2021ರಲ್ಲಿ ಎರಡೂ ದೇಶಗಳು ಸಹಿ ಹಾಕಿದವು. ಹೀಗಾಗಿ ಆ ದೇಶದ ಬಂದರಿನಲ್ಲಿ ಕೆಲಸ ನಿಂತರೆ ಅದರ ಸುದ್ದಿ ಕಲಬುರಗಿಯ ತೊಗರಿ ಮಾರುಕಟ್ಟೆಯವರೆಗೂ ಬಂದು ಮುಟ್ಟುತ್ತದೆ. ಆದರೂ ನೆರೆಯ ಈ ದೇಶದ ಬಗ್ಗೆ ನಮಗೆ ಸಿಗುವುದು ತುಂಡು ಸುದ್ದಿಗಳು ಮಾತ್ರ. ಮಿಜೋರಾಂಗೆ ಗಡಿ ದಾಟಿ ಬಂದ ನಿರಾಶ್ರಿತರು, ಆನ್‌ಲೈನ್ ವಂಚನೆಯ ಅಡ್ಡೆಗಳಲ್ಲಿ ಸಿಕ್ಕಿಬಿದ್ದು 2025ರ ಮಾರ್ಚ್‌ನಲ್ಲಿ ವಾಯುಪಡೆಯ ವಿಮಾನಗಳಲ್ಲಿ ಮರಳಿದ 549 ಭಾರತೀಯರು, ಅದೇ ತಿಂಗಳ ಕೊನೆಯಲ್ಲಿ ಸಂಭವಿಸಿದ ಭೀಕರ ಭೂಕಂಪ, ವರ್ಷದ ಕೊನೆಗೆ ಸೇನೆ ಆರಂಭಿಸಿದ ಚುನಾವಣೆ, ಹೀಗೆ.

ಈ ತುಂಡುಗಳನ್ನು ಜೋಡಿಸುವ ಎಳೆ 2021ರ ಫೆಬ್ರವರಿ 1ರ ಸೇನಾ ದಂಗೆ ಮತ್ತು ಅದಕ್ಕೆ ಜನ ಕೊಟ್ಟ ಉತ್ತರ. ಆ ಉತ್ತರ ಮೊದಲಿಗೆ ಬಂದೂಕಿನದಾಗಿರಲಿಲ್ಲ. ವೈದ್ಯರು, ಶಿಕ್ಷಕರು, ರೈಲ್ವೆ ನೌಕರರು ಮತ್ತು ಬ್ಯಾಂಕ್ ಗುಮಾಸ್ತರು ಕೆಲಸಕ್ಕೆ ಹೋಗದೆ ಮನೆಯಲ್ಲೇ ಉಳಿದರು. ಕೆಲಸಕ್ಕೆ ಹೋಗದಿರುವುದು ಹೇಗೆ ಒಂದು ಆಯುಧವಾಗುತ್ತದೆ, ಮತ್ತು ಆ ಆಯುಧ ಎಲ್ಲಿಗೆ ಬಂದು ಮೊಂಡಾಗುತ್ತದೆ ಎಂಬುದನ್ನು ಅರಿತರೆ ಮ್ಯಾನ್ಮಾರ್ ಅರ್ಧದಷ್ಟಾದರೂ ಅರ್ಥವಾಗುತ್ತದೆ.

ಸಂವಿಧಾನದೊಳಗೇ ಕುಳಿತಿದ್ದ ಸೇನೆ

ಮ್ಯಾನ್ಮಾರ್‌ನಲ್ಲಿ 2011ರಿಂದ 2021ರವರೆಗೆ ಪ್ರಜಾಪ್ರಭುತ್ವವಿತ್ತು ಎಂದು ಹೇಳುವುದು ವಾಡಿಕೆ. ಆ ಮಾತು ಅರ್ಧ ಮಾತ್ರ ನಿಜ. 2008ರಲ್ಲಿ ಸೇನೆಯೇ ಬರೆಸಿದ ಸಂವಿಧಾನದ ಪ್ರಕಾರ ಸಂಸತ್ತಿನ ಕಾಲು ಭಾಗ ಸ್ಥಾನಗಳು ಚುನಾವಣೆಯಿಲ್ಲದೆ ಸೇನಾಧಿಕಾರಿಗಳಿಗೆ ಮೀಸಲು. ಸಂವಿಧಾನದ ಯಾವ ವಿಧಿಯನ್ನು ತಿದ್ದಬೇಕಾದರೂ ಮುಕ್ಕಾಲು ಪಾಲಿಗಿಂತ ಹೆಚ್ಚು ಮತ ಬೇಕು. ಈ ಎರಡು ನಿಯಮಗಳನ್ನು ಒಟ್ಟಿಗೆ ಓದಿದರೆ ಮರ್ಮ ತಿಳಿಯುತ್ತದೆ: ಸೇನೆ ಒಪ್ಪದೆ ಒಂದು ಸಾಲನ್ನೂ ಬದಲಿಸಲಾಗದು. ರಕ್ಷಣೆ, ಗೃಹ ಮತ್ತು ಗಡಿ ವ್ಯವಹಾರ, ಈ ಮೂರು ಖಾತೆಗಳ ಸಚಿವರನ್ನು ಸೂಚಿಸುವವರು ಸೇನೆಯ ಮಹಾದಂಡನಾಯಕರು. ಅಂದರೆ ಯಾವ ಪಕ್ಷ ಗೆದ್ದು ಬಂದರೂ ಪೊಲೀಸರು ಸೇನೆಯ ಮಾತನ್ನೇ ಕೇಳುತ್ತಾರೆ.

ಈ ಚೌಕಟ್ಟಿನೊಳಗೇ ಆಂಗ್ ಸಾನ್ ಸೂ ಕಿ ಅವರ ನ್ಯಾಷನಲ್ ಲೀಗ್ ಫಾರ್ ಡೆಮಾಕ್ರಸಿ ಪಕ್ಷ 2015ರಲ್ಲಿ ಭಾರಿ ಬಹುಮತದಿಂದ ಗೆದ್ದಿತು. ಮಕ್ಕಳು ವಿದೇಶಿ ಪ್ರಜೆಗಳಾಗಿರುವವರು ಅಧ್ಯಕ್ಷರಾಗುವಂತಿಲ್ಲ ಎಂಬ ವಿಧಿ ಸೂ ಕಿ ಅವರಿಗೆ ಅಡ್ಡ ಬಂತು. ಆಗ ಪಕ್ಷವು ‘ಸ್ಟೇಟ್ ಕೌನ್ಸಿಲರ್’ ಎಂಬ ಹೊಸ ಹುದ್ದೆಯನ್ನು ಸೃಷ್ಟಿಸಿ ಅವರನ್ನು ಅಲ್ಲಿ ಕೂರಿಸಿತು. ಪಕ್ಷದ ಕಾನೂನು ಸಲಹೆಗಾರರಾಗಿದ್ದ, ಸಂವಿಧಾನ ಬದಲಾಗಬೇಕೆಂದು ವಾದಿಸುತ್ತಿದ್ದ ವಕೀಲ ಕೋ ನಿ ಅವರನ್ನು 2017ರ ಜನವರಿಯಲ್ಲಿ ಯಾಂಗೋನ್ ವಿಮಾನ ನಿಲ್ದಾಣದ ಹೊರಗೆ, ಮೊಮ್ಮಗುವನ್ನು ಎತ್ತಿಕೊಂಡು ನಿಂತಿದ್ದಾಗ ಗುಂಡಿಕ್ಕಿ ಕೊಲ್ಲಲಾಯಿತು. ಆ ದಶಕದ ಸ್ವಾತಂತ್ರ್ಯ ಎಷ್ಟು ತೆಳುವಾಗಿತ್ತು ಎಂಬುದಕ್ಕೆ ಈ ಒಂದು ಸಾವು ಸಾಕು.

2020ರ ನವೆಂಬರ್ 8ರ ಚುನಾವಣೆಯಲ್ಲಿ ಆ ಪಕ್ಷ ಇನ್ನೂ ದೊಡ್ಡ ಗೆಲುವು ಸಾಧಿಸಿತು. ಮತದಾನ ನಡೆದ 476 ಸ್ಥಾನಗಳಲ್ಲಿ 396 ಅದರ ಪಾಲಾದವು. ಸೇನೆಯ ಬೆಂಬಲದ ಪಕ್ಷಕ್ಕೆ ದಕ್ಕಿದ್ದು 33. ಮತದಾರರ ಪಟ್ಟಿಯಲ್ಲಿ ಅಕ್ರಮ ನಡೆದಿದೆ ಎಂದು ಸೇನೆ ಆರೋಪಿಸಿತು, ಚುನಾವಣಾ ಆಯೋಗ ಅದನ್ನು ತಳ್ಳಿಹಾಕಿತು. ಹೊಸ ಸಂಸತ್ತು ಮೊದಲ ಬಾರಿಗೆ ಸೇರಬೇಕಿದ್ದ 2021ರ ಫೆಬ್ರವರಿ 1ರ ನಸುಕಿನಲ್ಲಿ ಸೂ ಕಿ ಮತ್ತು ಅಧ್ಯಕ್ಷ ವಿನ್ ಮಿಂಟ್ ಅವರನ್ನು ಬಂಧಿಸಿ, ಮಹಾದಂಡನಾಯಕ ಮಿನ್ ಆಂಗ್ ಹ್ಲೈಂಗ್ ಅಧಿಕಾರ ವಹಿಸಿಕೊಂಡರು. ಸೇನಾಧಿಕಾರಿಗಳ ಇಂಥ ಆಡಳಿತ ಮಂಡಳಿಯನ್ನೇ ಸುದ್ದಿಗಳಲ್ಲಿ ‘ಜುಂಟಾ’ ಎನ್ನುತ್ತಾರೆ.

ಅಸಹಕಾರ ಕೆಲಸ ಮಾಡುವ ಬಗೆ

ಅಸಹಕಾರ, ಸವಿನಯ ಕಾನೂನು ಭಂಗ, ಕರನಿರಾಕರಣೆ, ಇವು ಕನ್ನಡಿಗರಿಗೆ ಹೊಸ ಮಾತುಗಳಲ್ಲ. 1930ರ ದಶಕದಲ್ಲಿ ಅಂಕೋಲಾ, ಸಿದ್ದಾಪುರದ ರೈತರು ಬ್ರಿಟಿಷರಿಗೆ ಕಂದಾಯ ಕೊಡಲು ನಿರಾಕರಿಸಿ ಜಮೀನು ಕಳೆದುಕೊಂಡದ್ದು ನಮ್ಮ ಇತಿಹಾಸದಲ್ಲೇ ಇದೆ. ಆ ಹೋರಾಟದ ಹಿಂದಿದ್ದ ತರ್ಕವನ್ನು ಮಾತ್ರ ನಾವು ಹೆಚ್ಚು ಬಿಡಿಸಿ ನೋಡುವುದಿಲ್ಲ.

ಜಾತ್ರೆಯ ತೇರನ್ನು ನೆನೆಯಿರಿ. ಮೇಲೆ ಕುಳಿತವರು ಎಷ್ಟೇ ದೊಡ್ಡವರಾದರೂ ಅದನ್ನು ಒಂದಡಿಯೂ ಮುಂದಕ್ಕೆ ಒಯ್ಯಲಾರರು. ಎಳೆಯುವುದು ಕೆಳಗೆ ಹಗ್ಗ ಹಿಡಿದ ನೂರಾರು ಕೈಗಳು. ಸರ್ಕಾರವೂ ಹಾಗೆಯೇ ನಡೆಯುತ್ತದೆ. ಆದೇಶ ಹೊರಡಿಸುವವರು ಕೆಲವರು, ಆದರೆ ಆ ಆದೇಶ ಸಂಬಳವಾಗಿ, ರೈಲಾಗಿ, ತೆರಿಗೆ ರಸೀದಿಯಾಗಿ ಹೊರಬರಲು ಲಕ್ಷಾಂತರ ನೌಕರರು ದಿನವೂ ಕಚೇರಿಗೆ ಬಂದು ಕೆಲಸ ಮಾಡಬೇಕು. ಅವರು ಒಟ್ಟಾಗಿ ಹಗ್ಗ ಬಿಟ್ಟರೆ ಮೇಲಿನವರ ಅಧಿಕಾರ ಕಾಗದದ ಮೇಲಷ್ಟೇ ಉಳಿಯುತ್ತದೆ. ಬೀದಿ ಮೆರವಣಿಗೆ ಜನರ ಸಿಟ್ಟನ್ನು ತೋರಿಸುತ್ತದೆ. ಅಸಹಕಾರ ಒಂದು ಹೆಜ್ಜೆ ಮುಂದೆ ಹೋಗಿ ಆಡಳಿತದ ಕೈಕಾಲುಗಳನ್ನೇ ಕಟ್ಟಿಹಾಕುತ್ತದೆ.

ಇದಕ್ಕೆ ಇನ್ನೊಂದು ಮುಖವಿದೆ. ಹಗ್ಗ ಬಿಟ್ಟವರಿಗೆ ಸಂಬಳವಿಲ್ಲ, ಹಲವರಿಗೆ ಸರ್ಕಾರಿ ವಸತಿಯೂ ಇಲ್ಲ. ಹಾಗಾಗಿ ಇಂಥ ಚಳವಳಿ ಎಷ್ಟು ದಿನ ನಿಲ್ಲುತ್ತದೆ ಎಂಬುದು ಮುಷ್ಕರ ನಿರತರನ್ನು ಉಳಿದ ಸಮಾಜ ಎಷ್ಟು ದಿನ ಸಾಕಬಲ್ಲದು ಎಂಬುದರ ಮೇಲೆ ನಿಂತಿರುತ್ತದೆ.

1962, 1988, 2007: ಹಿಂದಿನ ಪಾಠಗಳು

2021ರ ಯುವಕರು ಏನನ್ನು ಮಾಡಿದರೋ ಅದನ್ನು ಹಿಂದಿನ ಮೂರು ಸೋಲುಗಳಿಂದ ಕಲಿತಿದ್ದರು.

1948ರ ಜನವರಿ 4ರಂದು ಸ್ವತಂತ್ರವಾದ ಬರ್ಮಾದಲ್ಲಿ 1962ರ ಮಾರ್ಚ್‌ನಲ್ಲಿ ಜನರಲ್ ನೆ ವಿನ್ ಅಧಿಕಾರ ಕಸಿದುಕೊಂಡರು. ಆ ಜುಲೈನಲ್ಲಿ ರಂಗೂನ್ (ಈಗಿನ ಯಾಂಗೋನ್) ವಿಶ್ವವಿದ್ಯಾಲಯದ ವಿದ್ಯಾರ್ಥಿಗಳು ಪ್ರತಿಭಟಿಸಿದಾಗ ಸೈನಿಕರು ಗುಂಡು ಹಾರಿಸಿದರು. ಮರುದಿನ ಬೆಳಗಾಗುವುದರೊಳಗೆ ವಿದ್ಯಾರ್ಥಿ ಸಂಘದ ಕಟ್ಟಡವನ್ನೇ ಸ್ಫೋಟಕವಿಟ್ಟು ಉರುಳಿಸಿದರು. ಬ್ರಿಟಿಷರ ವಿರುದ್ಧದ ಹೋರಾಟಕ್ಕೆ ನಾಯಕರನ್ನು ಕೊಟ್ಟ ಕಟ್ಟಡವದು. ವಿದ್ಯಾರ್ಥಿಗಳೆಂದರೆ ಸೇನೆಗೆ ಆಗಿನಿಂದಲೂ ಒಂದು ಅಳುಕು.

1987ರ ಸೆಪ್ಟೆಂಬರ್‌ನಲ್ಲಿ ನೆ ವಿನ್ ಸರ್ಕಾರ 25, 35 ಮತ್ತು 75 ಕ್ಯಾಟ್‌ನ ನೋಟುಗಳನ್ನು ಯಾವ ಪರಿಹಾರವೂ ಇಲ್ಲದೆ ರದ್ದುಪಡಿಸಿತು. ಬದಲಿಗೆ ಬಂದದ್ದು 45 ಮತ್ತು 90ರ ನೋಟು. ಒಂಬತ್ತು ತಮ್ಮ ಅದೃಷ್ಟ ಸಂಖ್ಯೆ ಎಂದು ನೆ ವಿನ್ ನಂಬಿದ್ದರು, ಈ ಎರಡೂ ಒಂಬತ್ತರಿಂದ ಭಾಗವಾಗುತ್ತವೆ. ಬ್ಯಾಂಕಿನ ಮೇಲೆ ನಂಬಿಕೆಯಿಲ್ಲದೆ ಮನೆಯಲ್ಲೇ ಹಣ ಕೂಡಿಟ್ಟವರ ಉಳಿತಾಯ ಒಂದೇ ದಿನದಲ್ಲಿ ಬರಿಯ ಕಾಗದವಾಯಿತು. ಮರುವರ್ಷ ಮಾರ್ಚ್‌ನಲ್ಲಿ ರಂಗೂನಿನ ಒಂದು ಚಹಾ ಅಂಗಡಿಯಲ್ಲಿ ನಡೆದ ಸಣ್ಣ ಜಗಳ ಪೊಲೀಸ್ ಗೋಲಿಬಾರಿನಲ್ಲಿ ಮುಗಿದು ಒಬ್ಬ ವಿದ್ಯಾರ್ಥಿ ಸತ್ತಾಗ, ಕೂಡಿಟ್ಟಿದ್ದ ಸಿಟ್ಟು ಹೊರಬಿತ್ತು. 1988ರ ಆಗಸ್ಟ್ 8ರಂದು, ಅಂದರೆ 8-8-88ರಂದು, ದೇಶದಾದ್ಯಂತ ಸಾರ್ವತ್ರಿಕ ಮುಷ್ಕರ ಆರಂಭವಾಯಿತು. ಕೆಲವು ವಾರ ಆಡಳಿತವೇ ಇಲ್ಲದಂತಾಯಿತು. ಸೆಪ್ಟೆಂಬರ್ 18ರಂದು ಸೇನೆ ಮತ್ತೆ ದಂಗೆ ನಡೆಸಿ ಬೀದಿಗಳನ್ನು ಗುಂಡಿನಿಂದ ತೆರವುಗೊಳಿಸಿತು. ಸತ್ತವರು ಸಾವಿರಾರು ಎಂಬ ಅಂದಾಜಿದೆ. ಸ್ವಾತಂತ್ರ್ಯ ಹೋರಾಟದ ನಾಯಕ ಆಂಗ್ ಸಾನ್ ಅವರ ಮಗಳು ಸೂ ಕಿ, ಕಾಯಿಲೆಯ ತಾಯಿಯನ್ನು ನೋಡಿಕೊಳ್ಳಲು ಬಂದವರು, ರಾಜಕೀಯಕ್ಕೆ ಇಳಿದದ್ದು ಆಗಲೇ. 1990ರ ಚುನಾವಣೆಯಲ್ಲಿ ಅವರ ಪಕ್ಷ ಗೆದ್ದರೂ ಸೇನೆ ಅಧಿಕಾರ ಬಿಟ್ಟುಕೊಡಲಿಲ್ಲ.

2007ರ ಹೋರಾಟಕ್ಕೆ ಕಾರಣ ಇಂಧನ. ಆಗಸ್ಟ್‌ನಲ್ಲಿ ಯಾವ ಮುನ್ಸೂಚನೆಯೂ ಇಲ್ಲದೆ ಡೀಸೆಲ್ ಬೆಲೆ ದುಪ್ಪಟ್ಟಾಯಿತು, ಬಸ್ಸುಗಳು ಬಳಸುವ ಸಿಎನ್‌ಜಿ ಐದು ಪಟ್ಟಾಯಿತು. ದಿನಗೂಲಿಯವರಿಗೆ ಬಸ್ ದರ ಕೊಡುವುದೇ ಕಷ್ಟವಾಯಿತು. ಸೆಪ್ಟೆಂಬರ್ 5ರಂದು ಪಕೊಕ್ಕು ಎಂಬ ಊರಿನಲ್ಲಿ ಭಿಕ್ಷುಗಳ ಮೇಲೆ ಹಲ್ಲೆಯಾಯಿತು. ಸರ್ಕಾರ ಕ್ಷಮೆ ಕೇಳದಿದ್ದಾಗ ಭಿಕ್ಷುಗಳು ಭಿಕ್ಷಾಪಾತ್ರೆಯನ್ನು ಬೋರಲು ಹಿಡಿದು ಬೀದಿಗಿಳಿದರು. ಬೌದ್ಧ ಸಂಪ್ರದಾಯದಲ್ಲಿ ಇದಕ್ಕೆ ತೀಕ್ಷ್ಣವಾದ ಅರ್ಥವಿದೆ. ಭಿಕ್ಷುವಿಗೆ ಅನ್ನ ನೀಡುವುದರಿಂದ ಪುಣ್ಯ ಬರುವುದು ನೀಡಿದವರಿಗೆ. ಪಾತ್ರೆ ಬೋರಲಾಯಿತೆಂದರೆ ಸೇನಾಧಿಕಾರಿಗಳ ಕುಟುಂಬಗಳಿಂದ ಇನ್ನು ದಾನ ಸ್ವೀಕರಿಸುವುದಿಲ್ಲ, ಅವರಿಗೆ ಪುಣ್ಯದ ದಾರಿ ಮುಚ್ಚಿದೆ ಎಂದೇ ಲೆಕ್ಕ. ಈ ‘ಕೇಸರಿ ಕ್ರಾಂತಿ’ಯನ್ನೂ ಸೇನೆ ಹತ್ತಿಕ್ಕಿತು, ಮಠಗಳ ಮೇಲೆ ರಾತ್ರಿ ದಾಳಿ ಮಾಡಿತು. ಆದರೆ ಅಸಹಕಾರವೆಂದರೆ ಬೀದಿಯಲ್ಲಿ ನಿಲ್ಲುವುದಷ್ಟೇ ಅಲ್ಲ, ಎದುರಾಳಿಗೆ ಬೇಕಾದುದನ್ನು ಕೊಡದಿರುವುದು ಎಂಬ ತಿಳಿವಳಿಕೆ ಅಲ್ಲಿ ಬೇರೂರಿತು.

2021: ಆಸ್ಪತ್ರೆಯಿಂದ ಹೊರಟ ಮುಷ್ಕರ

ದಂಗೆಯ ಎರಡೇ ದಿನಗಳಲ್ಲಿ ಸರ್ಕಾರಿ ಆಸ್ಪತ್ರೆಗಳ ವೈದ್ಯರು ಮತ್ತು ದಾದಿಯರು ಕೆಲಸ ನಿಲ್ಲಿಸಿದರು, ಎದೆಗೆ ಕೆಂಪು ರಿಬ್ಬನ್ ಚುಚ್ಚಿಕೊಂಡರು. ಮಾಂಡಲೆಯ ವೈದ್ಯರು ಇದರ ಮುಂಚೂಣಿಯಲ್ಲಿದ್ದರು. ಕೋವಿಡ್ ಇನ್ನೂ ಹೋಗಿರಲಿಲ್ಲ. ರೋಗಿಗಳನ್ನು ಬಿಟ್ಟು ಬರುವುದು ಅವರಿಗೆ ಸುಲಭವಾದ ನಿರ್ಧಾರವಾಗಿರಲಿಲ್ಲ. ಹಲವರು ಖಾಸಗಿ ಮತ್ತು ಧರ್ಮಾರ್ಥ ಚಿಕಿತ್ಸಾಲಯಗಳಲ್ಲಿ ಉಚಿತವಾಗಿ ರೋಗಿಗಳನ್ನು ನೋಡತೊಡಗಿದರು. ಅಲ್ಲಿಂದ ಮುಷ್ಕರ ಶಿಕ್ಷಕರಿಗೆ, ರೈಲ್ವೆ ನೌಕರರಿಗೆ, ವಿದ್ಯುತ್ ಇಲಾಖೆಗೆ, ಬ್ಯಾಂಕುಗಳಿಗೆ ಹಬ್ಬಿತು. ಚಳವಳಿ ಇಂಗ್ಲಿಷಿನ ‘ಸಿಡಿಎಂ’ (ಸಿವಿಲ್ ಡಿಸೊಬೀಡಿಯನ್ಸ್ ಮೂವ್ಮೆಂಟ್) ಎಂಬ ಮೂರಕ್ಷರದ ಹೆಸರಿನಿಂದಲೇ ಮನೆಮಾತಾಯಿತು.

ಬೀದಿಯಲ್ಲಿ ಮೊದಲ ದೊಡ್ಡ ಮೆರವಣಿಗೆ ಫೆಬ್ರವರಿ 6ರಂದು ಯಾಂಗೋನ್‌ನಲ್ಲಿ ನಡೆಯಿತು, ಅದರ ಮುಂದಿನ ಸಾಲುಗಳಲ್ಲಿದ್ದವರು ಗಾರ್ಮೆಂಟ್ ಕಾರ್ಖಾನೆಗಳ ಕಾರ್ಮಿಕ ಹೆಣ್ಣುಮಕ್ಕಳು. ಹ್ಲೈಂಗ್ ಥಾಯಾರ್ ಎಂಬ ಕೈಗಾರಿಕಾ ಪ್ರದೇಶದಲ್ಲಿ ಚಿಕ್ಕ ಕೋಣೆಗಳಲ್ಲಿ ಬಾಡಿಗೆಗಿದ್ದು ಹಳ್ಳಿಗೆ ಹಣ ಕಳಿಸುವ ಈ ಯುವತಿಯರ ಕೈಯಲ್ಲಿ ಆಗಲೇ ಸಂಘಟನೆಯ ಅನುಭವವಿತ್ತು. 2011ರ ಕಾನೂನು ಕಾರ್ಮಿಕ ಸಂಘಗಳಿಗೆ ಅನುಮತಿ ಕೊಟ್ಟಿತ್ತು, ಆ ಹತ್ತು ವರ್ಷಗಳಲ್ಲಿ ಅವರು ಹಲವು ಮುಷ್ಕರಗಳನ್ನು ನಡೆಸಿದ್ದರು. ಚಳವಳಿಗಳು ದಿಢೀರನೆ ಹುಟ್ಟುತ್ತವೆ ಎಂದು ದೂರದಿಂದ ನೋಡುವವರಿಗೆ ಅನ್ನಿಸುತ್ತದೆ. ಒಳಗೆ ನೋಡಿದರೆ ಕೂಲಿ, ಶೌಚಾಲಯದ ವಿರಾಮ, ಓವರ್‌ಟೈಮಿನಂಥ ಸಣ್ಣ ಜಗಳಗಳಲ್ಲಿ ಪಳಗಿದ ಕೈಗಳೇ ದೊಡ್ಡ ಹೋರಾಟವನ್ನು ಎತ್ತಿ ನಿಲ್ಲಿಸಿರುತ್ತವೆ.

ಇನ್ನೊಂದು ಕಾರಣ ಮೊಬೈಲ್. ಸೇನಾಡಳಿತದ ಕಾಲದಲ್ಲಿ ಒಂದು ಸಿಮ್ ಕಾರ್ಡಿಗೆ ನೂರಾರು ಡಾಲರ್ ಕೊಡಬೇಕಿತ್ತು. 2014ರಲ್ಲಿ ವಿದೇಶಿ ಕಂಪನಿಗಳು ಬಂದ ಮೇಲೆ ಅದರ ಬೆಲೆ 1,500 ಕ್ಯಾಟ್‌ಗೆ, ಅಂದರೆ ಒಂದೂವರೆ ಡಾಲರಿನಷ್ಟಕ್ಕೆ ಇಳಿಯಿತು. 2021ರಲ್ಲಿ ಇಪ್ಪತ್ತರ ಆಸುಪಾಸಿನಲ್ಲಿದ್ದವರು ಮುಕ್ತ ಜಗತ್ತನ್ನು ಕಂಡು ಬೆಳೆದ ಮೊದಲ ಪೀಳಿಗೆ. ತಾವು ಕಂಡದ್ದನ್ನು ಕಳೆದುಕೊಳ್ಳುವ ಭಯ ಅವರಲ್ಲಿ ಗುಂಡಿನ ಭಯಕ್ಕಿಂತ ದೊಡ್ಡದಾಗಿತ್ತು.

ಮುಷ್ಕರದ ಪೆಟ್ಟು ಎಲ್ಲಿ ಬಿತ್ತು ಎಂಬುದನ್ನು ಬ್ಯಾಂಕುಗಳಲ್ಲಿ ಸ್ಪಷ್ಟವಾಗಿ ಕಾಣಬಹುದಿತ್ತು. ಗುಮಾಸ್ತರು ಬಾರದೆ ಶಾಖೆಗಳು ಮುಚ್ಚಿದವು. ಕಂಪನಿಗಳು ಸಂಬಳ ಹಾಕಲಾಗಲಿಲ್ಲ, ಆಮದುದಾರರು ಹಣ ಪಾವತಿಸಲಾಗಲಿಲ್ಲ, ಬಂದರಿನಲ್ಲಿ ಸರಕು ಬಿಡಿಸುವವರಿರಲಿಲ್ಲ. ನಗದು ತುಂಬಿದ ಒಂದೆರಡು ಎಟಿಎಂಗಳ ಮುಂದೆ ಜನ ಬೆಳಕು ಹರಿಯುವ ಮೊದಲೇ ಸಾಲು ನಿಂತರು. ಖಾತೆಯಲ್ಲಿ ಹಣವಿದ್ದರೂ ಕೈಗೆ ಸಿಗದೆ, ಕಮಿಷನ್ ಕೊಟ್ಟು ನೋಟು ಪಡೆಯುವ ಹೊಸ ದಂಧೆಯೇ ಹುಟ್ಟಿಕೊಂಡಿತು. ಈ ಕಷ್ಟ ಜನರಿಗೂ ತಟ್ಟಿತು ಎಂಬುದನ್ನು ಮರೆಯಬಾರದು. ಅಸಹಕಾರ ಎರಡು ಬದಿಯೂ ಹರಿತವಾದ ಕತ್ತಿ.

ಶಾಲೆಗಳದು ಇನ್ನೂ ದೊಡ್ಡ ಲೆಕ್ಕ. 2021ರ ಮೇ ತಿಂಗಳ ಹೊತ್ತಿಗೆ 1,25,000ಕ್ಕೂ ಹೆಚ್ಚು ಶಾಲಾ ಶಿಕ್ಷಕರನ್ನು ಮುಷ್ಕರಕ್ಕಾಗಿ ಅಮಾನತು ಮಾಡಲಾಗಿದೆ ಎಂದು ಶಿಕ್ಷಕರ ಒಕ್ಕೂಟ ಹೇಳಿತು. ಜೂನ್‌ನಲ್ಲಿ ಶಾಲೆ ತೆರೆದಾಗ ಬಹುಪಾಲು ತಂದೆತಾಯಿಗಳು ಮಕ್ಕಳನ್ನು ಕಳಿಸಲಿಲ್ಲ. ಯಾಂಗೋನ್‌ನ ಮಾ ಹ್ಲ್ವಾ ಗೋನ್ ರೈಲ್ವೆ ವಸತಿ ಪ್ರದೇಶಕ್ಕೆ ಮಾರ್ಚ್ 10ರಂದು ಸೈನಿಕರು ನುಗ್ಗಿ, ಮುಷ್ಕರದಲ್ಲಿದ್ದ ನೌಕರರ ಕುಟುಂಬಗಳನ್ನು ಮನೆ ಬಿಡಿಸಿದರು. ಪಾತ್ರೆ, ಹಾಸಿಗೆ, ಮಕ್ಕಳನ್ನು ಕಟ್ಟಿಕೊಂಡು ಹೊರಟ ಆ ನೌಕರರನ್ನು ಅಕ್ಕಪಕ್ಕದ ಬಡಾವಣೆಯವರು, ಮಠಗಳವರು ಒಳಗೆ ಕರೆದುಕೊಂಡರು.

ಮನೆಯೊಳಗಿನ ಅಸಹಕಾರ

ಸರ್ಕಾರಿ ನೌಕರಿಯಿಲ್ಲದವರು ಏನು ಮಾಡಬೇಕು? ಅವರಿಗೂ ಬಿಡಲು ಒಂದೊಂದು ಹಗ್ಗವಿತ್ತು. ವಿದ್ಯುತ್ ಬಿಲ್ ಕಟ್ಟುವುದನ್ನು ಜನ ನಿಲ್ಲಿಸಿದರು; ಸಂಪರ್ಕ ಕಡಿಯಲು ಬರುವ ಸಿಬ್ಬಂದಿಯ ಜೊತೆಗೆ ಸೈನಿಕರನ್ನೂ ಕಳಿಸಬೇಕಾಯಿತು. ಸರ್ಕಾರಿ ಲಾಟರಿ ಕೊಳ್ಳುವವರು ವಿರಳವಾದರು, ಆಮೇಲೆ ಚಳವಳಿಯವರೇ ಮುಷ್ಕರ ನಿರತರಿಗೆ ಹಣ ಕೂಡಿಸಲು ಆನ್‌ಲೈನ್ ಲಾಟರಿ ಶುರುಮಾಡಿದರು. ಸೇನೆಯ ಕಂಪನಿಗಳ ಬಿಯರ್, ಸಿಗರೇಟು, ಮೊಬೈಲ್ ಸಿಮ್ ಅಂಗಡಿಗಳಿಂದ ಮರೆಯಾದವು. ‘ಮ್ಯಾನ್ಮಾರ್ ಬಿಯರ್’ ತಯಾರಿಕೆಯಲ್ಲಿ ಸೇನೆಯ ಕಂಪನಿಯೊಂದಿಗೆ ಪಾಲುದಾರನಾಗಿದ್ದ ಜಪಾನಿನ ಕಿರಿನ್ ಕಂಪನಿ ದಂಗೆಯಾದ ವಾರದೊಳಗೆ ಆ ಪಾಲುದಾರಿಕೆ ಮುಗಿಸುವುದಾಗಿ ಪ್ರಕಟಿಸಿತು.

ರಾತ್ರಿ ಎಂಟಾದರೆ ಪಾತ್ರೆ ಬಡಿಯುವ ಸದ್ದು. ದುಷ್ಟಶಕ್ತಿಯನ್ನು ಮನೆಯಿಂದ ಓಡಿಸಲು ತಟ್ಟೆ-ಪಾತ್ರೆ ಬಡಿಯುವುದು ಅಲ್ಲಿಯ ಹಳೆಯ ರೂಢಿ. ಫೆಬ್ರವರಿ 2ರ ರಾತ್ರಿ ಯಾಂಗೋನ್‌ನ ಬಾಲ್ಕನಿಗಳಲ್ಲಿ ಅಜ್ಜಿಯರು, ಮಕ್ಕಳು, ಯಾರು ಬೇಕಾದರೂ ಬಾಣಲೆ ಹಿಡಿದು ನಿಂತರು. ಬೀದಿಗೆ ಬರಲಾಗದವರೂ ಪಾಲ್ಗೊಳ್ಳಬಹುದಾದ, ಯಾರು ಬಡಿದರೆಂದು ಕತ್ತಲಲ್ಲಿ ಗೊತ್ತಾಗದ ಪ್ರತಿಭಟನೆಯದು.

ಮಾರ್ಚ್‌ನಲ್ಲಿ ಇನ್ನೊಂದು ಉಪಾಯ ಕಾಣಿಸಿತು. ಹೆಂಗಸರು ಸೊಂಟಕ್ಕೆ ಸುತ್ತಿ ಉಡುವ ಲುಂಗಿಯಂಥ ಬಟ್ಟೆಗೆ ಅಲ್ಲಿ ‘ಥಮೇನ್’ ಎಂದು ಹೆಸರು. ಒಣಗಹಾಕಿದ ಥಮೇನ್‌ನ ಕೆಳಗೆ ಹಾದುಹೋದ ಗಂಡಸಿನ ತೇಜಸ್ಸು ಕುಂದುತ್ತದೆ ಎಂಬ ನಂಬಿಕೆ ಮ್ಯಾನ್ಮಾರ್‌ನಲ್ಲಿ ಆಳವಾಗಿದೆ, ಸೈನಿಕರಲ್ಲಂತೂ ಇನ್ನೂ ಹೆಚ್ಚು. ಹೆಂಗಸರು ಬೀದಿಗೆ ಅಡ್ಡಲಾಗಿ, ಒಂದು ಮನೆಯ ಮಹಡಿಯಿಂದ ಎದುರು ಮನೆಯ ಮಹಡಿಗೆ ಹಗ್ಗ ಕಟ್ಟಿ ಅದರ ಮೇಲೆ ಬಣ್ಣಬಣ್ಣದ ಥಮೇನ್‌ಗಳನ್ನು ಹರವಿದರು. ಗುಂಡು ತುಂಬಿದ ಬಂದೂಕು ಹಿಡಿದು ಬಂದ ಸೈನಿಕರು ಆ ಹಗ್ಗದ ಮುಂದೆ ನಿಂತು, ಯಾರಾದರೂ ಲಾರಿಯ ಮೇಲೆ ಹತ್ತಿ ಬಟ್ಟೆ ಇಳಿಸುವವರೆಗೆ ಕಾಯುತ್ತಿದ್ದರು. ಅಷ್ಟರಲ್ಲಿ ಪ್ರತಿಭಟನಕಾರರು ಓಣಿಗಳಲ್ಲಿ ಕರಗಿರುತ್ತಿದ್ದರು. ಹೆಣ್ಣನ್ನು ಕೀಳೆಂದು ಬಗೆಯುವ ನಂಬಿಕೆಯನ್ನು ಆ ನಂಬಿಕೆ ಉಳ್ಳವರ ಮೇಲೆಯೇ ತಿರುಗಿಸಿದ ಈ ಜಾಣ್ಮೆಯನ್ನು ಎಷ್ಟು ಮೆಚ್ಚಿದರೂ ಸಾಲದು.

ಎಲ್ಲವೂ ಮೆಚ್ಚುವಂಥದ್ದೇ ಆಗಿರಲಿಲ್ಲ. ಸೇನಾಧಿಕಾರಿಗಳ ಕುಟುಂಬದವರ ಹೆಸರು, ಚಿತ್ರ, ಓದುವ ಕಾಲೇಜು ಎಲ್ಲವನ್ನೂ ಜಾಲತಾಣಗಳಲ್ಲಿ ಹಾಕಿ ಬಹಿಷ್ಕರಿಸುವ ‘ಸಾಮಾಜಿಕ ಶಿಕ್ಷೆ’ಯೂ ನಡೆಯಿತು. ತಂದೆಯ ತಪ್ಪಿಗೆ ಮಕ್ಕಳು ಹೊಣೆಯೇ ಎಂಬ ಪ್ರಶ್ನೆ ಚಳವಳಿಯ ಒಳಗೂ ಎದ್ದಿತು.

ಸೇನೆ ಏಕೆ ಒಡೆಯಲಿಲ್ಲ?

ಫಿಲಿಪ್ಪೀನ್ಸ್‌ನಲ್ಲಿ 1986ರ ಫೆಬ್ರವರಿಯಲ್ಲಿ ಲಕ್ಷಾಂತರ ಜನ ಮನಿಲಾದ ಹೆದ್ದಾರಿಯಲ್ಲಿ ನಿಂತು ಟ್ಯಾಂಕುಗಳನ್ನು ತಡೆದಾಗ, ಸರ್ವಾಧಿಕಾರಿ ಮಾರ್ಕೋಸ್ ನಾಲ್ಕೇ ದಿನಗಳಲ್ಲಿ ದೇಶ ಬಿಟ್ಟರು. ಅಲ್ಲಿ ರಕ್ಷಣಾ ಸಚಿವ ಎನ್ರಿಲೆ ಮತ್ತು ಸೇನಾಧಿಕಾರಿ ರಾಮೋಸ್ ಬಂಡೆದ್ದು ಜನರ ಕಡೆ ಬಂದಿದ್ದರು. ಅಸಹಕಾರ ಗೆದ್ದ ಹಲವೆಡೆ ಇದೇ ಕಥೆ: ಜನರ ಒತ್ತಡಕ್ಕೆ ಆಳುವವರ ರಕ್ಷಣಾ ಗೋಡೆ ಬಿರುಕುಬಿಡುತ್ತದೆ.

ಮ್ಯಾನ್ಮಾರ್‌ನಲ್ಲಿ ಗೋಡೆ ನಿಂತಿತು. ಸಾವಿರಾರು ಸೈನಿಕರು, ಪೊಲೀಸರು ಸೇವೆ ತೊರೆದರೂ ದೊಡ್ಡ ತುಕಡಿಯಾಗಲಿ, ಹಿರಿಯ ಜನರಲ್‌ಗಳಾಗಲಿ ಪಕ್ಷ ಬದಲಿಸಲಿಲ್ಲ. ಕಾರಣ ಆ ಸೇನೆಯ ರಚನೆಯಲ್ಲಿದೆ. ಅದು ದೇಶದೊಳಗಿನ ಇನ್ನೊಂದು ದೇಶ. ಸೈನಿಕರ ಕುಟುಂಬಗಳು ಬೇಲಿಯೊಳಗಿನ ದಂಡುಪ್ರದೇಶಗಳಲ್ಲಿ ಬಾಳುತ್ತವೆ. ಅವರ ಆಸ್ಪತ್ರೆ, ಶಾಲೆ, ಬ್ಯಾಂಕು, ಟಿವಿ ವಾಹಿನಿ ಎಲ್ಲವೂ ಬೇರೆ. ಒಬ್ಬ ಸೈನಿಕ ಓಡಿಹೋದರೆ ಒಳಗಿರುವ ಹೆಂಡತಿ ಮಕ್ಕಳು ಒತ್ತೆಯಾಳುಗಳಂತಾಗುತ್ತಾರೆ. ಎಂಇಎಚ್‌ಎಲ್ ಮತ್ತು ಎಂಇಸಿ ಎಂಬ ಸೇನೆಯ ಎರಡು ಬೃಹತ್ ಉದ್ಯಮ ಸಮೂಹಗಳು ಗಣಿ, ಬ್ಯಾಂಕ್, ಬಿಯರ್, ದೂರವಾಣಿ ಹೀಗೆ ಎಲ್ಲದರಲ್ಲೂ ಕೈಯಿಟ್ಟಿವೆ. ಸಮುದ್ರದಾಳದ ನೈಸರ್ಗಿಕ ಅನಿಲ ಕೊಳವೆಯಲ್ಲಿ ಥಾಯ್ಲೆಂಡ್‌ಗೂ ಚೀನಾಕ್ಕೂ ಹರಿದು ಡಾಲರ್ ತರುತ್ತದೆ; ಅದಕ್ಕೆ ಲಕ್ಷಾಂತರ ಗುಮಾಸ್ತರು ಬೇಕಿಲ್ಲ. ತೇರಿನ ಹಗ್ಗವನ್ನು ಜನ ಬಿಟ್ಟರು ನಿಜ, ಆದರೆ ಸೇನೆ ಆ ತೇರನ್ನೇ ನೆಚ್ಚಿ ಕುಳಿತಿರಲಿಲ್ಲ.

ಬ್ರಿಟಿಷರ ವಿರುದ್ಧ ಗಾಂಧೀಜಿಯವರ ಅಸಹಕಾರಕ್ಕೂ ಇದಕ್ಕೂ ಇರುವ ಮುಖ್ಯ ವ್ಯತ್ಯಾಸ ನನ್ನ ತಿಳಿವಳಿಕೆಯಲ್ಲಿ ಇದೇ. ಬ್ರಿಟಿಷರಿಗೆ ಭಾರತವನ್ನು ಆಳಲು ಭಾರತೀಯ ಗುಮಾಸ್ತ, ಭಾರತೀಯ ಸಿಪಾಯಿ ಬೇಕಿತ್ತು. ಮ್ಯಾನ್ಮಾರ್ ಸೇನೆಗೆ ದೇಶವನ್ನು ಚೆನ್ನಾಗಿ ಆಳುವುದಕ್ಕಿಂತ ತಾನು ಉಳಿಯುವುದು ಮುಖ್ಯವಾಗಿತ್ತು, ಉಳಿಯಲು ಬೇಕಾದ ಸಾಮಗ್ರಿಯನ್ನು ಅದು ಅರವತ್ತು ವರ್ಷಗಳಿಂದ ಕೂಡಿಟ್ಟಿತ್ತು.

ಮಾರ್ಚ್ ಬಂದಂತೆ ಗೋಲಿಬಾರು ದಿನನಿತ್ಯದ್ದಾಯಿತು. ಮಾರ್ಚ್ 14ರಂದು ಹ್ಲೈಂಗ್ ಥಾಯಾರ್‌ನಲ್ಲಿ ಹತ್ತಾರು ಜನ ಸತ್ತರು. ಮಾರ್ಚ್ 27ರ ಸೇನಾ ದಿನದಂದು, ರಾಜಧಾನಿ ನೇಪಿಡಾದಲ್ಲಿ ಪಥಸಂಚಲನ ನಡೆಯುತ್ತಿದ್ದಾಗ, ದೇಶದಾದ್ಯಂತ ನೂರಕ್ಕೂ ಹೆಚ್ಚು ನಾಗರಿಕರನ್ನು ಕೊಲ್ಲಲಾಯಿತು.

ಗುಡ್ಡಗಾಡಿನ ಜನ ಮತ್ತು ತಡವಾಗಿ ಬಂದ ಅರಿವು

ಮ್ಯಾನ್ಮಾರ್‌ನ ಸುಮಾರು ಮೂರನೇ ಎರಡು ಭಾಗ ಜನ ಬಮಾರ್ ಜನಾಂಗದವರು. ಉಳಿದವರು ಕಚಿನ್, ಕರೆನ್, ಶಾನ್, ಚಿನ್, ರಖೈನ್ ಮುಂತಾದವರು. ಈ ಪೈಕಿ ಕೆಲವರಿಗೆ ಸ್ವಾಯತ್ತತೆ ಕೊಡುವ ಭರವಸೆ 1947ರ ಪಾಂಗ್ಲಾಂಗ್ ಒಪ್ಪಂದದಲ್ಲಿತ್ತು. ಅದು ಈಡೇರಲಿಲ್ಲ, ಹಾಗಾಗಿ ಗಡಿಯ ಗುಡ್ಡಗಳಲ್ಲಿ ಸಶಸ್ತ್ರ ಹೋರಾಟ ಸ್ವಾತಂತ್ರ್ಯದಷ್ಟೇ ಹಳೆಯದು. ಬಯಲಿನ ಬಮಾರರಿಗೆ ಅದು ದೂರದ ಗಲಾಟೆಯಾಗಿತ್ತು. 2017ರಲ್ಲಿ ಸೇನೆಯ ದಾಳಿಗೆ ಏಳು ಲಕ್ಷಕ್ಕೂ ಹೆಚ್ಚು ರೋಹಿಂಗ್ಯಾಗಳು ಬಾಂಗ್ಲಾದೇಶಕ್ಕೆ ಓಡಿಹೋದಾಗಲೂ ದೇಶದೊಳಗೆ ಹೆಚ್ಚಿನವರು ಸೇನೆಯ ಮಾತನ್ನೇ ನಂಬಿದರು; 2019ರಲ್ಲಿ ಸೂ ಕಿ ಅವರೇ ಹೇಗ್‌ನ ಅಂತರರಾಷ್ಟ್ರೀಯ ನ್ಯಾಯಾಲಯದಲ್ಲಿ ದೇಶದ ಪರ ವಾದಿಸಲು ನಿಂತರು.

ತಮ್ಮದೇ ಬೀದಿಯಲ್ಲಿ ಅದೇ ಬಂದೂಕು ಕಂಡ ಮೇಲೆ ಹಲವರ ಕಣ್ಣು ತೆರೆಯಿತು. ಬಮಾರ್ ಯುವಜನರು ರೋಹಿಂಗ್ಯಾಗಳ ಕ್ಷಮೆ ಕೇಳಿ ಬರೆದರು. 2020ರಲ್ಲಿ ಆಯ್ಕೆಯಾಗಿದ್ದ ಸಂಸದರು ಮತ್ತು ಇತರರು ಸೇರಿ 2021ರ ಏಪ್ರಿಲ್ 16ರಂದು ರಚಿಸಿದ ಸಮಾನಾಂತರ ‘ರಾಷ್ಟ್ರೀಯ ಐಕ್ಯ ಸರ್ಕಾರ’ವು ಜೂನ್‌ನಲ್ಲಿ ರೋಹಿಂಗ್ಯಾಗಳಿಗೆ ಪೌರತ್ವದ ಹಕ್ಕು ಕೊಡುವ ಭರವಸೆಯನ್ನು ಪ್ರಕಟಿಸಿತು. ಈ ಅರಿವು ನಾಲ್ಕು ವರ್ಷ ಮೊದಲೇ ಬಂದಿದ್ದರೆ ಎಂದು ಅನ್ನಿಸದಿರದು.

ಬೀದಿಯಿಂದ ಕಾಡಿಗೆ

ಶಾಂತಿಯುತ ಪ್ರತಿಭಟನೆಗೆ ದಾರಿ ಮುಚ್ಚಿದಾಗ ಸಾವಿರಾರು ಯುವಕರು ಗುಡ್ಡಗಾಡಿಗೆ ಹೋಗಿ, ಅಲ್ಲಿನ ಹಳೆಯ ಸಶಸ್ತ್ರ ಗುಂಪುಗಳಿಂದ ತರಬೇತಿ ಪಡೆದರು. ಮೇ ತಿಂಗಳಲ್ಲಿ ‘ಜನರಕ್ಷಣಾ ಪಡೆ’ ಹುಟ್ಟಿತು, ಸೆಪ್ಟೆಂಬರ್ 7ರಂದು ಐಕ್ಯ ಸರ್ಕಾರ ಸೇನೆಯ ವಿರುದ್ಧ ಯುದ್ಧ ಸಾರಿತು. 2022ರ ಜುಲೈನಲ್ಲಿ 1988ರ ಹೋರಾಟದ ನಾಯಕ ಕೋ ಜಿಮ್ಮಿ, ಮಾಜಿ ಸಂಸದ ಫ್ಯೋ ಜೆಯಾ ಥಾ ಸೇರಿ ನಾಲ್ವರನ್ನು ಗಲ್ಲಿಗೇರಿಸಲಾಯಿತು.

2023ರ ಅಕ್ಟೋಬರ್ 27ರಂದು ಶಾನ್ ರಾಜ್ಯದಲ್ಲಿ ಮೂರು ಸಶಸ್ತ್ರ ಗುಂಪುಗಳು ಒಟ್ಟಾಗಿ ನಡೆಸಿದ ದಾಳಿಯಲ್ಲಿ ಸೇನೆ ಗಡಿಯ ಹಲವು ಪಟ್ಟಣಗಳನ್ನು ಕಳೆದುಕೊಂಡಿತು. 2024ರ ಆಗಸ್ಟ್‌ನಲ್ಲಿ ಲಾಶಿಯೊದ ಪ್ರಾದೇಶಿಕ ಸೇನಾ ಕೇಂದ್ರವೇ ಬಿದ್ದಿತು. ಆಳು ಸಾಲದೆ ಸೇನೆ 2024ರ ಫೆಬ್ರವರಿಯಲ್ಲಿ ಕಡ್ಡಾಯ ಸೈನಿಕ ಸೇವೆಯ ಕಾನೂನನ್ನು ಜಾರಿಗೆ ತಂದಿತು, ಪಾಸ್‌ಪೋರ್ಟ್ ಕಚೇರಿಗಳ ಮುಂದೆ ಯುವಕರ ಸಾಲು ಬೆಳೆಯಿತು. ಚೀನಾದ ಒತ್ತಡದಿಂದ ಲಾಶಿಯೊ 2025ರಲ್ಲಿ ಮತ್ತೆ ಸೇನೆಯ ಕೈಸೇರಿತು. ಯುದ್ಧದಿಂದ ಮನೆ ಬಿಟ್ಟವರು ದೇಶದೊಳಗೇ 35 ಲಕ್ಷ ಎಂದು 2025ರಲ್ಲಿ ವಿಶ್ವಸಂಸ್ಥೆ ಹೇಳಿತ್ತು.

ಚುನಾವಣೆಯ ಅರ್ಥ

2025ರ ಡಿಸೆಂಬರ್ 28ರಿಂದ ಸೇನೆ ಹಂತ ಹಂತವಾಗಿ ಚುನಾವಣೆ ಆರಂಭಿಸಿತು. 2020ರಲ್ಲಿ ಗೆದ್ದ ಪಕ್ಷ ಕಣದಲ್ಲಿರಲಿಲ್ಲ. ಸೇನೆಯ ಹೊಸ ನಿಯಮದಡಿ ನೋಂದಾಯಿಸಿಕೊಳ್ಳಲಿಲ್ಲವೆಂದು 2023ರ ಮಾರ್ಚ್‌ನಲ್ಲೇ ಅದನ್ನು ವಿಸರ್ಜಿಸಲಾಗಿತ್ತು. ಚುನಾವಣೆಗೆ ಅಡ್ಡಿಪಡಿಸಿದರೆ ಮರಣದಂಡನೆಯವರೆಗೂ ಶಿಕ್ಷೆ ವಿಧಿಸುವ ಕಾನೂನು 2025ರ ಜುಲೈನಲ್ಲಿ ಬಂದಿತ್ತು. ಯುದ್ಧ ನಡೆಯುವ ಹಲವು ಪ್ರದೇಶಗಳಲ್ಲಿ ಮತದಾನವೇ ಇರಲಿಲ್ಲ. ಹೀಗಿದ್ದೂ ಸೇನೆಗೆ ಚುನಾವಣೆ ಏಕೆ ಬೇಕು ಎಂದು ಕೇಳಿದರೆ ಉತ್ತರ ಮತ್ತೆ ಸಹಕಾರದ ಪ್ರಶ್ನೆಗೇ ಬರುತ್ತದೆ. ಒಳಗೆ ಸಿಗದ ಒಪ್ಪಿಗೆಯನ್ನು ಹೊರಗಿನ ದೇಶಗಳಿಂದ ಪಡೆಯಲು ಒಂದು ಚುನಾಯಿತ ಸರ್ಕಾರದ ರೂಪ ಬೇಕು. ಅದಿದ್ದರೆ ವ್ಯಾಪಾರ, ಸಾಲ, ರಾಯಭಾರ ಎಲ್ಲವೂ ಸಲೀಸು.

ಮುಷ್ಕರಕ್ಕಿಳಿದ ನೌಕರರ ವಿಷಯದಲ್ಲಿ ಸೇನೆ ವರ್ಷಗಟ್ಟಲೆ ಪಟ್ಟು ಸಡಿಲಿಸಲಿಲ್ಲ. ಅಂಥ ವೈದ್ಯರಿಗೆ ಕೆಲಸ ಕೊಟ್ಟ ಕಾರಣಕ್ಕೆ ಮಾಂಡಲೆಯ ಕೆಲವು ಖಾಸಗಿ ಆಸ್ಪತ್ರೆಗಳ ಪರವಾನಗಿ ರದ್ದಾಗಿತ್ತು. 2025ರ ಮಾರ್ಚ್ 28ರಂದು 7.7 ತೀವ್ರತೆಯ ಭೂಕಂಪ ಸಗೈಂಗ್ ಮತ್ತು ಮಾಂಡಲೆಯನ್ನು ಉರುಳಿಸಿದಾಗ, ಗಾಯಾಳುಗಳು ಆಸ್ಪತ್ರೆಯ ಅಂಗಳದಲ್ಲಿ ಬಿಸಿಲಿನಲ್ಲಿ ಮಲಗಿದ್ದಾಗ, ನೆರವಿಗೆ ಬರಬೇಕೆಂದಿದ್ದ ಮುಷ್ಕರ ನಿರತ ವೈದ್ಯರು ಬಂಧನದ ಭಯದಿಂದ ಹಿಂಜರಿಯಬೇಕಾಯಿತು. ಹಲವರು ಸೇನೆಯ ಕೈಗೆಟುಕದ ಪ್ರದೇಶಗಳಲ್ಲಿ ಬಿದಿರಿನ ಗುಡಿಸಲುಗಳಲ್ಲಿ, ವಿಮಾನದಿಂದ ಕಾಣದಂತೆ ಮರಗಳ ಮರೆಯಲ್ಲಿ ಚಿಕಿತ್ಸಾಲಯ ನಡೆಸುತ್ತಿದ್ದಾರೆ. ಕೆಲಸ ಕಳೆದುಕೊಂಡ ಪ್ರಾಧ್ಯಾಪಕರು ಆನ್‌ಲೈನ್‌ನಲ್ಲಿ ಪಾಠ ಹೇಳುತ್ತಾರೆ, ಶಾಲಾ ಶಿಕ್ಷಕರು ಹಳ್ಳಿಗಳಲ್ಲಿ ಸಮುದಾಯ ಶಾಲೆ ತೆರೆದಿದ್ದಾರೆ. 2021ರಲ್ಲಿ ಒಂದು ಸರ್ಕಾರಕ್ಕೆ ದುಡಿಯಲು ನಿರಾಕರಿಸಿದವರು, ಸರ್ಕಾರಿ ಸಂಬಳವಿಲ್ಲದೆ, ಅದೇ ಕೆಲಸವನ್ನು ಜನರಿಗಾಗಿ ಮುಂದುವರಿಸಿದ್ದಾರೆ.